ಮೂರು ಮಳೆ ಕಂಡ ಶಾವಿಗೆ

ಬೀರುವಿನ ನೆತ್ತಿಯ ಮೇಲೆ ಮೂರು ವರ್ಷ
ಬೆನ್ನು ತಿರುಗಿಸಿ ಕೂತಿತ್ತು ಮರದ ಪೆಟ್ಟಿಗೆ.
ಕಳಿಸಿದವಳು ಅಕ್ಕ ಇತ್ಸುಕೊ, ಶೋದೋ ದ್ವೀಪದಿಂದ,
ಅಮ್ಮನ ಹೊಲಿಗೆ ಯಂತ್ರ ಯಾರಿಗೆಂದು
ಮಾತಿಗೆ ಮಾತು ಬೆಳೆದು ಮಾತೇ ನಿಂತ ಬೇಸಿಗೆಯಲ್ಲಿ.
ತೆರೆಯಲಿಲ್ಲ. ಎಸೆಯಲೂ ಇಲ್ಲ.
ದೂಳು ಒರೆಸುವಾಗ ಎತ್ತಿ
ಮತ್ತೆ ಅಲ್ಲೇ ಇಡುತ್ತಿದ್ದೆ, ಹೆಸರು ಗೋಡೆಯ ಕಡೆಗೆ.

ಇವತ್ತು ತಕಾಮಾತ್ಸುವಿನ ಬೀದಿ ಕಾದ ಹೆಂಚು.
ಜೀರುಂಡೆಗಳ ಗರಗಸ ಬೆಳಗಿನಿಂದ
ಒಂದೇ ಮರವನ್ನು ಕೊಯ್ಯುತ್ತಿದೆ.
ಅಂಗಡಿಯಲ್ಲಿ ಕೈಗಡಿಯಾರದೊಂದು ಸ್ಕ್ರೂ
ಬೆವರ ಬೆರಳಿಂದ ಜಾರಿ ಎಲ್ಲೋ ಬಿತ್ತು. ಹುಡುಕಲಿಲ್ಲ.
ಒಳಗೆ ಶುಂಠಿಯ ತುಂಡು, ಅರ್ಧ ಸೌತೆ.
ಅನ್ನದ ಹೆಸರೆತ್ತಿದರೇ ಹೊಟ್ಟೆ ಮುಖ ಸಿಂಡರಿಸುತ್ತದೆ.
ಹಾಳಾಗಲಿ ಎಂದು ಕುರ್ಚಿ ಎಳೆದು ಹತ್ತಿದೆ.

ಕಟ್ಟುಗಳು, ಒಂದೊಂದಕ್ಕೂ ಕಪ್ಪು ಕಾಗದದ ಸೊಂಟಪಟ್ಟಿ.
ಮುಗ್ಗಲು ವಾಸನೆ ಹುಡುಕಿದೆ,
ಸಿಕ್ಕಿದ್ದರೆ ಸಮಾಧಾನವಾಗುತ್ತಿತ್ತು.
ಸಿಗಲಿಲ್ಲ. ಸೋಮೆನ್ ಎಳೆಯುವವರು ಹೇಳುತ್ತಾರಲ್ಲ,
ಪ್ಲಮ್ ಹಣ್ಣಾಗುವ ಕಾಲದ ಮಳೆಯನ್ನು
ಎರಡು ಸಲ ಕಂಡ ಶಾವಿಗೆಗೆ
ಬೆಲೆ ಹೆಚ್ಚು, ಸೊಂಟ ಗಟ್ಟಿ ಎಂದು.
ಇದು ಮೂರು ಕಂಡಿದೆ.
ಜಗಳಕ್ಕೂ ಈ ಲೆಕ್ಕ ಉಂಟೋ ಏನೋ,
ಪೆಟ್ಟಿಗೆಯ ಮೇಲೆ ಬರೆದಿಲ್ಲ.

ನೀರು ಮರಳಿತು. ಎರಡು ಕಟ್ಟು ಬಿಚ್ಚಿ ಬಿಟ್ಟೆ.
ಸೆಟೆದು ನಿಂತವು ಕ್ಷಣದಲ್ಲಿ ಬಳುಕಿ ಮುಳುಗಿದವು.
ತೊಂಬತ್ತು ಸೆಕೆಂಡು. ಇದಕ್ಕೆ ಮಾತ್ರ
ಯಾವ ಗಡಿಯಾರವನ್ನೂ ನಂಬುವುದಿಲ್ಲ ನಾನು,
ಗಡಿಯಾರ ರಿಪೇರಿಯವಳು.
ಬಾಯಲ್ಲೇ ಎಣಿಸುತ್ತೇನೆ, ಅಮ್ಮ ಎಣಿಸಿದ ಹಾಗೆ,
ಎಂಬತ್ತರಿಂದಾಚೆ ದನಿ ತಗ್ಗಿಸಿ,
ಜೋರಾಗಿ ಅಂದರೆ ಹೆಚ್ಚು ಬೆಂದುಬಿಡುತ್ತದೇನೋ ಎಂಬಂತೆ.

ಬಸಿದು ನಲ್ಲಿಗೆ ಹಿಡಿದರೆ ನಲ್ಲಿ ನೀರೇ ಉಗುರು ಬೆಚ್ಚಗೆ.
ಆದರೂ ತಿಕ್ಕಿದೆ, ಜಾಲಿಸಿದೆ, ಬಟ್ಟೆ ಒಗೆದಂತೆ ಮತ್ತೆ ತಿಕ್ಕಿದೆ.
ಅಂಟೆಲ್ಲ ಹೋಗಬೇಕು,
ನೀರು ನೀರಾಗಿಯೇ ಹೊರಗೆ ಹರಿಯಬೇಕು.
ಗಾಜಿನ ಬೋಗುಣಿ. ಮಂಜುಗಡ್ಡೆ.
ಒಣಮೀನಿನ ತಿಳಿಗೆ ಸೋಯಾ ಬೆರೆತ ಕಂದು ತಂಪು,
ತುರಿದ ಶುಂಠಿ, ಕಿಟಕಿಯ ಕುಂಡದ ಎರಡು ಶಿಸೋ ಎಲೆ.

ಆಗ ಕಂಡಿತು,
ಅಷ್ಟು ಬಿಳುಪಿನಲ್ಲಿ ಒಂದೇ ಒಂದು ಗುಲಾಬಿ ಎಳೆ.
ಇದೊಂದಕ್ಕಾಗಿ ನಾವಿಬ್ಬರೂ
ಊಟದ ಕಡ್ಡಿಗಳಲ್ಲಿ ಕತ್ತಿವರಸೆ ಆಡಿದ್ದೇವೆ.
ಅಮ್ಮ ಹೊಲಿಗೆಯ ಕತ್ತರಿ ತಂದು ಎರಡು ಮಾಡಿ
ಬಟ್ಟಲಿಗೊಂದರಂತೆ ಹಾಕುತ್ತಿದ್ದಳು.
ನನ್ನದು ಯಾವಾಗಲೂ ಗಿಡ್ಡ. ಅಳೆದು ನೋಡಿದ್ದೇನೆ.

ಬಾಗಿಲ ಗಂಟೆ. ತೋಫು ಅಂಗಡಿಯ ಹುಡುಗ ಸೋಸುಕೆ
ತಾತನ ಗಡಿಯಾರ ಕೇಳಲು ಬಂದಿದ್ದಾನೆ.
ಬಿದ್ದ ಸ್ಕ್ರೂ ಅದರದೇ.
ಮಾತು ಮರೆಸಲು ಕೂರಿಸಿ ಬಟ್ಟಲು ಕೊಟ್ಟೆ.
ಸುರ್ರನೆ ಎಳೆದ. ಮತ್ತೊಮ್ಮೆ ಸುರ್.
ಮೂರನೆಯ ತುತ್ತಿಗೆ ಆ ಗುಲಾಬಿ,
ತುಟಿಯಂಚಿನಲ್ಲಿ ಬಾಲ ಆಡಿಸಿ ಒಳಗೆ ಹೋಯಿತು.

"ಏಯ್, ಅದು ನನ್ನದು!"

ಕೂಗಿದ್ದು ನಾನೇ, ಅರವತ್ತೆಂಟರ ಕಿನುಯೊ.
ದನಿ ಮಾತ್ರ ಅಕ್ಕನದು,
ಮುಂದಿನೆರಡು ಹಲ್ಲು ಬಿದ್ದ ಎಂಟರ ಅಕ್ಕನದು.
ಹುಡುಗ ಬಾಯಿ ತೆರೆದೇ ಕೂತ,
ಬೇಕಾದರೆ ವಾಪಸ್ಸು ತಗೊಳ್ಳಿ ಎನ್ನುವ ಹಾಗೆ.
ನಕ್ಕೆವು. ನಕ್ಕು ನಕ್ಕು ನನಗೆ ಶುಂಠಿ ನೆತ್ತಿಗೇರಿತು.

ಅವನು ಹೋದ. ನಾಳೆ ಬಾ ಅಂದಿದ್ದೇನೆ.
ಬೋಗುಣಿಯಲ್ಲಿ ಕರಗಿದ ನೀರು,
ತಳದಲ್ಲಿ ದಿಕ್ಕು ತಪ್ಪಿದ ನಾಲ್ಕು ಎಳೆ.
ನೆಲದ ಮೇಲೆ ಮಂಡಿಯೂರಿ
ಸ್ಕ್ರೂ ತಡಕುತ್ತಿದ್ದೇನೆ ಈಗ, ಟಾರ್ಚು ಹಿಡಿದು.
ಪೆಟ್ಟಿಗೆ ಮೇಜಿನ ಮೇಲಿದೆ, ಹೆಸರು ಈ ಕಡೆಗೆ.
ದ್ವೀಪಕ್ಕೆ ದೋಣಿಯಲ್ಲಿ ಒಂದು ಗಂಟೆ.
ಯಂತ್ರ ಅವಳೇ ಇಟ್ಟುಕೊಳ್ಳಲಿ.
ಆ ಕತ್ತರಿ ಏನಾಯಿತು,
ಅದನ್ನಂತೂ ಕೇಳದೆ ಬಿಡುವವಳಲ್ಲ.